ಅಮ್ಮ ಬೆಟರ್ ಆಗಿದ್ದ ದಿನಗಳು

ಅಪ್ಪನಿಗೆ ಇಂಗ್ಲಿಷ್ ಬರುತ್ತಿರಲಿಲ್ಲ. ಹಾಗೆಂದರೆ ಗೋಣಿಬೀಡಿನಲ್ಲಿ ಯಾರೂ ನಂಬುತ್ತಿರಲಿಲ್ಲ, ಏಕೆಂದರೆ ಅವರು ಎಸ್ಟೇಟಿನ ರೈಟರ್. ಆಳುಗಳ ಹಾಜರಿ ಬರೆಯುವುದು, ಯಾವ ಕಡೆ ಏನು ಕೆಲಸವೆಂದು ಮೇಸ್ತ್ರಿಗಳಿಗೆ ಹೇಳುವುದು, ಸಾಹುಕಾರರು ಬಂದಾಗ ಅವರ ಹಿಂದೆ ತೋಟ ಸುತ್ತುವುದು ಅವರ ಉದ್ಯೋಗ. ಬಾಯಿ ತೆರೆದರೆ ಪಲ್ಪರ್, ಪಾರ್ಚ್‌ಮೆಂಟ್, ಶೇಡು, ಸ್ಪ್ರೇ. ಅವೆಲ್ಲ ಕಾಫಿ ತೋಟದ ವಸ್ತುಗಳ ಹೆಸರು, ಕತ್ತಿಗೆ ಕತ್ತಿ ಎಂದಷ್ಟೇ ಸಲೀಸಾಗಿ ಅಂದುಬಿಡಬಹುದು. ವಸ್ತುವಲ್ಲದ ಒಂದೇ ಒಂದು ಇಂಗ್ಲಿಷ್ ಶಬ್ದ ಅವರ ಹತ್ತಿರ ಇತ್ತು. ಬೆಟರ್. ಆ ಶಬ್ದವನ್ನು ಆಮೇಲೆ ಮೂವತ್ತು ವರ್ಷ ನಾನು ಹೈಸ್ಕೂಲಿನ ಮಕ್ಕಳಿಗೆ ಕಲಿಸಿದೆ. ಈಗ ನಿವೃತ್ತಳಾಗಿ ಮನೆಯಲ್ಲಿದ್ದೇನೆ. ಯಾರಿಗಾದರೂ ಜ್ವರ ಬಂದದ್ದು ತಿಳಿದರೆ ಮೊಬೈಲಿನಲ್ಲಿ ಎಲ್ಲರೂ ಕೇಳುವುದು ಅದನ್ನೇ: ಈಗ ಬೆಟರಾ? ನಾನು ಕೇಳುವುದಿಲ್ಲ. ಗಂಜಿ ಸೇರಿತಾ ಎಂದು ಕೇಳುತ್ತೇನೆ.

ಅಪ್ಪನ ಬೆಟರ್ ಹುಟ್ಟಿದ್ದು ಕಾಫಿ ಕಣದಲ್ಲಿ. ಹಣ್ಣು ಕೊಯ್ದು ಪಲ್ಪರಿಗೆ ಹಾಕಿ, ಸಿಪ್ಪೆ ಬಿಡಿಸಿ ತೊಳೆದ ಬೀಜಕ್ಕೆ ಪಾರ್ಚ್‌ಮೆಂಟ್ ಎನ್ನುತ್ತಾರೆ. ಅದನ್ನು ದಿನಗಟ್ಟಲೆ ಕಣದಲ್ಲಿ ಬಿಸಿಲಿಗೆ ಹರಡಬೇಕು. ಸಂಜೆ ಅಪ್ಪ ಕಣದ ಅಂಚಿನಲ್ಲಿ ಕುಕ್ಕರುಗಾಲಲ್ಲಿ ಕೂತು, ಒಂದು ಬೀಜದ ಹೊಟ್ಟು ಸುಲಿದು ಹಲ್ಲಿನಿಂದ ಕಚ್ಚಿ ನೋಡುತ್ತಿದ್ದರು. ಕಣದ ಮೇಸ್ತ್ರಿ ಸುಬ್ಬಣ್ಣ ಗೋಣಿಚೀಲ ಹಿಡಿದು ಪಕ್ಕದಲ್ಲಿ ನಿಂತಿರುತ್ತಿದ್ದ.

“ಎಂತ ರೈಟ್ರೇ, ತುಂಬ್ಸದಾ?”

“ಬೆಟರ್,” ಎನ್ನುತ್ತಿದ್ದರು ಅಪ್ಪ, ಬೀಜವನ್ನು ಉಗಿದು.

ಸುಬ್ಬಣ್ಣ ಚೀಲ ಮಡಚಿಟ್ಟು ಟಾರ್ಪಾಲು ತರಲು ಹೋಗುತ್ತಿದ್ದ. ನಿನ್ನೆಗಿಂತ ಒಣಗಿದೆ, ಆದರೆ ಇನ್ನೂ ಆಗಿಲ್ಲ, ಈಗ ಮುಚ್ಚು, ನಾಳೆ ಮತ್ತೆ ಹರಡು ಎನ್ನುವುದೆಲ್ಲ ಆ ಒಂದು ಶಬ್ದದಲ್ಲಿ ಅವರಿಬ್ಬರ ನಡುವೆ ಮುಗಿದುಹೋಗುತ್ತಿತ್ತು. ನಿಜವಾಗಿ ಒಣಗಿದ ದಿನ ಅಪ್ಪ ಏನೂ ಹೇಳುತ್ತಿರಲಿಲ್ಲ. ಸುಮ್ಮನೆ ಎದ್ದು ಪಂಚೆ ಕೊಡವುತ್ತಿದ್ದರು, ಸುಬ್ಬಣ್ಣ ಚೀಲದ ಬಾಯಿ ಬಿಡಿಸುತ್ತಿದ್ದ. ಹಾಗಾಗಿ ಬೆಟರ್ ಎಂದರೆ ಇನ್ನೂ ಆಗಿಲ್ಲ ಎಂದೇ ನಾನು ಕಲಿತಿದ್ದೆ. ಶಾಲೆಗೆ ಹೋಗಿ ಇಂಗ್ಲಿಷ್ ಕಲಿಯುವ ತನಕ ಅದರಲ್ಲಿ ತಪ್ಪೇನೂ ಕಂಡಿರಲಿಲ್ಲ.

ಕಣದ ಮಗ್ಗುಲಲ್ಲೇ ನಮ್ಮ ಕ್ವಾರ್ಟರ್ಸು. ಮೂರು ಕೋಣೆ ಒಂದರ ಹಿಂದೆ ಒಂದು, ಮೂರಕ್ಕೂ ಬಾಗಿಲು ಒಂದೇ ನೇರಕ್ಕೆ. ಮುಂದಿನ ಕೋಣೆಯಲ್ಲಿ ಅಪ್ಪನ ಮೇಜು, ನಡುವಿನದರಲ್ಲಿ ಮಂಚ, ಹಿಂದೆ ಅಡುಗೆಮನೆ. ಮುಂಬಾಗಿಲಲ್ಲಿ ನಿಂತರೆ ಒಲೆಯ ಮೇಲೆ ಏನಿದೆ ಎಂಬುದೂ ಕಾಣುತ್ತಿತ್ತು, ಆ ಮನೆಯಲ್ಲಿ ಮುಚ್ಚಿಡುವುದಕ್ಕೆ ಜಾಗವೇ ಇರಲಿಲ್ಲ. ಅಮ್ಮ ಒಲೆಯ ಮುಂದೆ ರೊಟ್ಟಿ ತಟ್ಟುತ್ತಲೇ ಮುಂದಿನ ಕೋಣೆಯ ಅಪ್ಪನ ಜೊತೆ ಜಗಳ ಆಡುತ್ತಿದ್ದಳು. ಜಗಳ ಹೆಚ್ಚಾಗಿ ಗಂಬೂಟಿನದು. ಕೆಸರು ಮೆತ್ತಿದ ಗಂಬೂಟನ್ನು ಅಪ್ಪ ಮೇಜಿನ ಕೆಳಗೆ ಬಿಡುವುದು, ಅಮ್ಮ ಅದನ್ನು ಎತ್ತಿ ಅಂಗಳಕ್ಕೆ ಬಿಸಾಡುವುದು. ಒಂದು ಅತ್ತ, ಒಂದು ಇತ್ತ ಬಿದ್ದಿರುತ್ತಿದ್ದವು. ಬೆಳಿಗ್ಗೆ ಅಪ್ಪ ಒಂಟಿ ಕಾಲಲ್ಲಿ ಕುಂಟುತ್ತಾ ಇನ್ನೊಂದನ್ನು ಹುಡುಕುವಾಗ ಅಮ್ಮ ಒಳಗಿನಿಂದ ನಗುತ್ತಿದ್ದಳು. ನನಗೆ ನೆನಪಿರುವ ಅಮ್ಮನ ನಗು ಅದೊಂದೇ, ಬೇರೆಯದು ಇದ್ದಿರಬಹುದು.

ಅವಳು ಯಾವತ್ತಿನಿಂದ ಸುಮ್ಮನಾದಳು ಎಂದು ದಿನ ಗುರುತು ಹಾಕಿ ಹೇಳಲಾರೆ. ಮೊದಲು ಗಂಬೂಟುಗಳು ಮೇಜಿನ ಕೆಳಗೇ ಉಳಿದವು. ಮನೆ ಶಾಂತವಾಯಿತು ಎಂದು ಅಪ್ಪನಿಗೆ ಒಳಗೊಳಗೇ ಖುಷಿಯೇ ಆಗಿರಬೇಕು. ಆಮೇಲೆ ಒಂದು ದಿನ ಶಾಲೆಯಿಂದ ಬಂದರೆ ಅಮ್ಮ ಮಂಚದ ತುದಿಯಲ್ಲಿ ಬಾಚಣಿಗೆ ಹಿಡಿದು ಕೂತಿದ್ದಳು, ಬೆಳಿಗ್ಗೆ ನಾನು ಹೊರಡುವಾಗಲೂ ಹಾಗೇ ಕೂತಿದ್ದಳು. ಹಾಲು ಉಕ್ಕಿ ಒಲೆ ಆರಿಹೋದರೂ ಅಲ್ಲೇ ನಿಂತಿರುತ್ತಿದ್ದಳು. ಕೊನೆಗೊಂದು ದಿನ ಬರಿಗಾಲಲ್ಲಿ ಗೋಣಿಬೀಡಿನ ಬಸ್ ಸ್ಟ್ಯಾಂಡಿನವರೆಗೆ ನಡೆದುಹೋಗಿ ಕೂತವಳನ್ನು ಯಾರೋ ಗುರುತು ಹಿಡಿದು ಹೇಳಿ ಕಳಿಸಿದರು. ಅಪ್ಪ ಕರೆದುಕೊಂಡು ಬಂದರು. ಚಿಕ್ಕಮಗಳೂರಿನ ಡಾಕ್ಟರು ಮಾತ್ರೆ ಬರೆದುಕೊಟ್ಟು, ಒಬ್ಬಳನ್ನೇ ಬಿಡಬೇಡಿ ಎಂದರು. ಅಪ್ಪ ಬೆಳಿಗ್ಗೆ ಆರಕ್ಕೆ ತೋಟಕ್ಕೆ ಹೋಗುವವರು, ನಾನು ಶಾಲೆಗೆ. ಕಳಸದಲ್ಲಿ ಸೋದರಮಾವನ ಮನೆ ಇತ್ತು, ಅಂಗಡಿಯ ಹಿಂದೆಯೇ ವಾಸ, ಹಗಲು ಹೊತ್ತು ಯಾರಾದರೂ ಇದ್ದೇ ಇರುತ್ತಿದ್ದರು. ಅಮ್ಮನನ್ನು ಅಪ್ಪ ಅಲ್ಲಿ ಬಿಟ್ಟುಬಂದರು.

“ಬೆಟರ್ ಆದ್ಮೇಲೆ ಕರ್ಕೊಂಡ್ ಬರ್ತೀನಿ,” ಎಂದರು ಅಪ್ಪ ನನಗೆ.

ನಾನು ಅಳಲಿಲ್ಲ. ಅಳಬೇಕಿತ್ತೋ ಏನೋ. ಬಿಡಿಸದ ಲೆಕ್ಕ ಮುಂದಿಟ್ಟುಕೊಂಡಾಗ ಹೇಗೋ ಹಾಗಿತ್ತು, ಮುಖದಲ್ಲಿ ಏನೂ ಇಲ್ಲ, ತಲೆಯಲ್ಲೂ ಏನೂ ಇಲ್ಲ. ಆಲ್ದೂರಿನ ಚಿಕ್ಕಪ್ಪನ ಮನೆಯಿಂದ ಅಜ್ಜಿ, ಅಪ್ಪನ ತಾಯಿ, ಅಡುಗೆಗೆ ಬಂದರು. ಅವರ ಸಾರು ಖಾರ. ನಾನು ಮಜ್ಜಿಗೆ ಸುರಿದುಕೊಂಡು ಉಣ್ಣುವುದನ್ನು ಕಲಿತೆ.

ಭಾನುವಾರ ಬೆಳಿಗ್ಗೆ ಮಾವ ಎಸ್ಟೇಟಿನ ಆಫೀಸಿಗೆ ಫೋನು ಮಾಡುತ್ತಿದ್ದರು. ಅಪ್ಪ ಹೋಗಿ ಮಾತಾಡಿ ಬರುತ್ತಿದ್ದರು. ಅವರು ಅಂಗಳಕ್ಕೆ ಕಾಲಿಡುವ ಮೊದಲೇ ಅಜ್ಜಿಯ ಪ್ರಶ್ನೆ ಬಾಗಿಲಲ್ಲಿ ಕಾಯುತ್ತಿತ್ತು.

“ವಾಸಿ ಆಯ್ತೇನೋ?”

“ಬೆಟರ್ ಅಂತೆ.”

“ಕನ್ನಡದಲ್ಲಿ ಹೇಳೋ ಮಾರಾಯ. ವಾಸಿ ಆಯ್ತೋ ಇಲ್ವೋ?”

ಅಪ್ಪ ಕಾಲು ತೊಳೆಯಲು ಬಚ್ಚಲಿಗೆ ಹೋಗುತ್ತಿದ್ದರು. ಅಜ್ಜಿ ಕೇಳಿದ್ದು ನ್ಯಾಯವಾಗಿತ್ತು ಎಂದು ಈಗ ಅನ್ನಿಸುತ್ತದೆ. ಕನ್ನಡದ ವಾಸಿ ಎಂಬ ಶಬ್ದಕ್ಕೆ ಎರಡು ಮುಖ. ಜ್ವರ ವಾಸಿಯಾಯಿತು ಎಂದರೆ ಪೂರ್ತಿ ಹೋಯಿತು ಎಂದು. ಅಲ್ಲಿಗಿಂತ ಇಲ್ಲೇ ವಾಸಿ ಎಂದರೆ ಎರಡರಲ್ಲಿ ಇದು ಮೇಲು ಎಂದು. ಆದರೆ ಕಾಯಿಲೆಯ ಮಾತಿಗೆ ಬಂದಾಗ ವಾಸಿಗೆ ಅರೆಬರೆ ಇಲ್ಲ, ಆಯಿತು ಅಥವಾ ಇಲ್ಲ. ಅಪ್ಪನಿಗೆ ಬೇಕಾಗಿದ್ದದ್ದು ಅರೆಬರೆಯ ಶಬ್ದ, ಸುಳ್ಳೂ ಆಗಬಾರದು, ಭರವಸೆಯೂ ಕೊಡಬಾರದು. ಅದು ಅವರಿಗೆ ಕಣದಲ್ಲಿ ಸಿಕ್ಕಿತ್ತು. ಅಂಗಡಿಯಲ್ಲಿ, ಬಸ್ಸಿನಲ್ಲಿ, ಸಾಹುಕಾರರ ಮುಂದೆ, ಎಲ್ಲೆಲ್ಲೂ ರೈಟರ ಹೆಂಡತಿ ಬೆಟರ್. ಆರು ತಿಂಗಳು ಅಮ್ಮ ಬೆಟರ್ ಆಗಿಯೇ ಇದ್ದಳು.

ಆ ವರ್ಷ ಶಾಲೆಯಲ್ಲಿ ಇಂಗ್ಲಿಷ್ ಶುರುವಾಗಿತ್ತು. ಮೇಷ್ಟ್ರು ಬೋರ್ಡಿನ ಮೇಲೆ ಮೂರು ಮೆಟ್ಟಿಲು ಬರೆದರು. ಕೆಳಗಿನದರಲ್ಲಿ ಗುಡ್, ನಡುವಿನದರಲ್ಲಿ ಬೆಟರ್, ಮೇಲಿನದರಲ್ಲಿ ಬೆಸ್ಟ್. ಗುಡ್ ಅಂದರೆ ಚೆನ್ನಾಗಿದೆ, ಬೆಟರ್ ಅಂದರೆ ಅದಕ್ಕಿಂತ ಚೆನ್ನಾಗಿದೆ ಎಂದರು. ಕ್ಲಾಸಿನ ಮಕ್ಕಳೆಲ್ಲ ರಾಗವಾಗಿ ಹೇಳುತ್ತಿದ್ದಾಗ ನಾನು ಬಾಯಿ ಮುಚ್ಚಿಕೊಂಡು ಆ ಚಿತ್ರವನ್ನೇ ನೋಡುತ್ತಿದ್ದೆ. ಬೆಟರ್ ಇದ್ದದ್ದು ಗುಡ್‌ನ ಮೇಲೆ. ಮೇಷ್ಟ್ರನ್ನು ಕೇಳಿಯೂ ಕೇಳಿದೆ. ಒಬ್ಬರು ಬೆಟರ್ ಇದ್ದಾರೆ ಅಂದ್ರೆ ಗುಡ್ ಆಗಿ ಮುಗ್ದಿದೆ ಅಂತಾನಾ ಸಾರ್? ಅವರು ನನ್ನ ತಲೆ ಸವರಿ, ಹೌದು, ಜಾಣೆ, ಗುಡ್ ದಾಟಿದ ಮೇಲೇ ಬೆಟರ್ ಎಂದರು. ಅವರ ತಪ್ಪೇನಿಲ್ಲ, ಮೆಟ್ಟಿಲು ಹಾಗೇ ಇತ್ತು. ಅದೇ ಮೆಟ್ಟಿಲನ್ನು ನಾನೂ ಮೂವತ್ತು ವರ್ಷ ಬೋರ್ಡಿನ ಮೇಲೆ ಬರೆದಿದ್ದೇನೆ. ಪರೀಕ್ಷೆಯ ಕಾಗದದ ಮೇಲೆ ಬೆಟರ್ ಗುಡ್‌ಗಿಂತ ಮೇಲೆ, ಕಾಯಿಲೆಯವರ ಮಂಚದ ಹತ್ತಿರ ಅದು ಗುಡ್‌ಗಿಂತ ಎಷ್ಟೋ ಕೆಳಗೆ ಎಂದು ಯಾವ ಪಾಠದಲ್ಲೂ ಇಲ್ಲ.

ಅಂದು ಸಂಜೆ ಊಟಕ್ಕೆ ಕೂತಾಗ ಅಪ್ಪನನ್ನು ಹಿಡಿದುಕೊಂಡೆ. ಸಿಟ್ಟು ಬಂದಿತ್ತು. ಆರು ತಿಂಗಳಲ್ಲಿ ನನಗೆ ಏನಾದರೂ ಅನ್ನಿಸಿದ್ದು ಅದೇ ಮೊದಲು.

“ಅಮ್ಮ ಚೆನ್ನಾಗಿರೋದಕ್ಕಿಂತ ಚೆನ್ನಾಗಿದ್ದಾಳೆ. ನೀವು ಬೇಕಂತಲೇ ಕರ್ಕೊಂಡ್ ಬರ್ತಿಲ್ಲ.”

“ಯಾರೇ ಹೇಳಿದ್ದು?”

“ಮೇಷ್ಟ್ರು. ಬೆಟರ್ ಅಂದ್ರೆ ಗುಡ್ ದಾಟಿದ್ದು ಅಂತ.”

ಅಜ್ಜಿ ಸಾರಿನ ಸೌಟು ಪಾತ್ರೆಗೆ ಕುಕ್ಕಿದರು. “ಕೇಳಿಸ್ತಾ? ಮಕ್ಳಿಗೆ ಗೊತ್ತಿದೆ, ನಿಂಗೆ ಗೊತ್ತಿಲ್ಲ. ನಾನೆಷ್ಟು ದಿನ ಅಂತ ಇಲ್ಲಿ ಬೇಯಿಸ್ಲಿ? ನಂಗೂ ವಯಸ್ಸಾಯ್ತು.”

ಅಪ್ಪ ಕಲಸಿದ ಅನ್ನವನ್ನು ತಟ್ಟೆಯ ಅಂಚಿಗೆ ಸರಿಸಿದರು. ನನ್ನನ್ನು ಬಯ್ಯಲೂ ಇಲ್ಲ.

“ಭಾನ್ವಾರ ಹೋಗಣ,” ಎಂದರು. “ನೀನೇ ನೋಡ್ಕೊಂಡ್ ಬರೂವಂತೆ.”

ಮೂಡಿಗೆರೆಯಲ್ಲಿ ಬಸ್ಸು ಬದಲಿಸಿದೆವು. ಹೊರನಾಡಿಗೆ ಹೋಗುವ ಜನ ತುಂಬಿದ್ದರು, ಕೊಟ್ಟಿಗೆಹಾರದವರೆಗೆ ನಿಂತೇ ಹೋದದ್ದು. ನಾನು ಒಗೆದ ಲಂಗ ಹಾಕಿ, ಅಜ್ಜಿಯಿಂದ ಎರಡು ಜಡೆ ಹಾಕಿಸಿಕೊಂಡಿದ್ದೆ. ಕಳಸದಲ್ಲಿ ಇಳಿದವಳೇ ಅಪ್ಪನಿಗಿಂತ ಮುಂದೆ ಓಡಿದೆ. ಮಾವ ಅಂಗಡಿಯಲ್ಲಿದ್ದರು, ಒಳಗಿನಿಂದ ಮಾವನ ಹೆಂಡತಿ ರತ್ನತ್ತೆ ಬಂದು ಕೆನ್ನೆ ಹಿಂಡಿದರು. ಪಡಸಾಲೆಯ ಕಿಟಕಿಯ ಹತ್ತಿರ ಬೆಂಚಿನ ಮೇಲೆ ಅಮ್ಮ ಕೂತಿದ್ದಳು. ಸ್ವಲ್ಪ ದಪ್ಪಗಾಗಿದ್ದಳು. ತಲೆ ಬಾಚಿತ್ತು, ನೀಲಿ ಸೀರೆ. ಅಪ್ಪ ಹಿಂದೆ ಚಪ್ಪಲಿ ಬಿಡುತ್ತಿದ್ದರು, ನಾನು ಪಡಸಾಲೆಯ ನಡುವೆ ನಿಂತಿದ್ದೆ. ಅಮ್ಮ ಬೆಂಚಿಗೆ ಕೈಕೊಟ್ಟು ನಿಧಾನವಾಗಿ ಎದ್ದಳು.

“ಬನ್ನಿ,” ಎಂದಳು. “ಕೂತ್ಕೊಳ್ಳಿ.”

ಮನೆಗೆ ಬಂದ ಗುರುತಿಲ್ಲದವರಿಗೆ ಹೇಳುವ ಹಾಗೆ. ನಮ್ಮ ಕಡೆ ತಾಯಿ ಮಗಳನ್ನು ಬನ್ನಿ ಎನ್ನುವುದು ತಮಾಷೆಗೆ ಮಾತ್ರ, ಅವಳ ಮುಖದಲ್ಲಿ ತಮಾಷೆ ಇರಲಿಲ್ಲ. ಮತ್ತೇನು ಹೇಳುತ್ತಾಳೆಂದು ಕೇಳಲು ನಿಲ್ಲಲಿಲ್ಲ, ಅಡುಗೆಮನೆ ಹಾದು ಹಿತ್ತಿಲಿಗೆ ಹೋಗಿಬಿಟ್ಟೆ. ಅಲ್ಲಿ ಬಟ್ಟೆ ಒಗೆಯುವ ಕಲ್ಲಿನ ಮೇಲೆ ಕೂತು ಊಟಕ್ಕೆ ಕರೆಯುವವರೆಗೆ ಎದ್ದು ಬರಲಿಲ್ಲ.

ಊಟದಲ್ಲಿ ಅಮ್ಮ ನನ್ನ ಪಕ್ಕದಲ್ಲೇ ಕೂತಳು. ಮಾತ್ರೆಯಿಂದಲೋ ಏನೋ ಅವಳ ಕೈ ನಡುಗುತ್ತಿತ್ತು, ತುತ್ತು ಬಾಯಿಗೆ ಹೋಗಲು ಬಹಳ ಹೊತ್ತು ಹಿಡಿಯುತ್ತಿತ್ತು. ಒಮ್ಮೆ ಎಡಗೈ ಚಾಚಿ ನನ್ನ ಜಡೆ ಮುಟ್ಟಲು ಬಂದಳು. ನಾನು ತಟ್ಟೆ ಎತ್ತಿಕೊಂಡು ಅಪ್ಪನ ಆಚೆ ಬದಿಗೆ ಹೋಗಿ ಕೂತೆ. ಅಮ್ಮ ಕೈಯನ್ನು ಮಡಿಲಲ್ಲಿ ಇಟ್ಟುಕೊಂಡಳು. ಊಟವಾದ ಮೇಲೆ ಮಾತ್ರೆ ನುಂಗಿ ಮಲಗಿದವಳು ನಾವು ಹೊರಡುವಾಗ ಏಳಲಿಲ್ಲ.

“ಈಗ ಎಷ್ಟೋ ಬೆಟರ್ ಭಾವ,” ಎಂದರು ಮಾವ, ಬಸ್ಸಿಗೆ ಕಾಯುತ್ತಾ. “ಮೊದ್ಲು ಮಾತೇ ಇರ್ಲಿಲ್ಲ. ಬೇಕಾದ್ರೆ ಮನೆಗೆ ಕರ್ಕೊಂಡ್ ಹೋಗಿ ನೋಡಿ. ನಮಗೇನೂ ಭಾರ ಅಂತಲ್ಲ, ಅವ್ಳೂ ಯಾವಾಗ ಹೋಗೋದು ಅಂತ ಕೇಳ್ತಿರ್ತಾಳೆ.”

ಬಸ್ಸಿನಲ್ಲಿ ಈ ಸಲ ಸೀಟು ಸಿಕ್ಕಿತು. ಬಾಳೂರು ಹತ್ತಿರವಾಗುವಾಗ ಅಪ್ಪ ಕೇಳಿದರು.

“ಕರ್ಕೊಂಡ್ ಬರಣ್ವಾ ಪುಟ್ಟಿ? ಅಜ್ಜಿ ಹಬ್ಬ ಮುಗಿಸ್ಕೊಂಡು ಹೊರಡ್ತಾರೆ. ಆಮೇಲೆ ಹಗಲು ನಾನು ಬಂದ್ ಬಂದ್ ನೋಡ್ತೀನಿ, ಸ್ಕೂಲಿಂದ ಬಂದ್ಮೇಲೆ ನೀನೇ ಇರ್ಬೇಕಾಗುತ್ತೆ ಅಮ್ಮನ ಜೊತೆ. ನೀನು ಹೂಂ ಅಂದ್ರೆ ಮುಂದಿನ ವಾರವೇ ಕರ್ಕೊಂಡ್ ಬರ್ತೀನಿ.”

ನಾನು ಯೋಚಿಸಲಿಲ್ಲ.

“ಬೇಡ,” ಎಂದೆ. “ಅಲ್ಲೇ ಇರೋದು ಬೆಟರ್.”

ಎರಡರಲ್ಲಿ ಒಂದನ್ನು ಆರಿಸಿ ಇನ್ನೊಂದನ್ನು ಬಿಡುವಾಗ ಬಳಸುವ ಬೆಟರ್ ಅದು. ಅಪ್ಪನೂ ಕಲಿಸಿರಲಿಲ್ಲ, ಮೇಷ್ಟ್ರೂ ಕಲಿಸಿರಲಿಲ್ಲ, ಎಲ್ಲಿಂದ ಬಾಯಿಗೆ ಬಂತೋ ಗೊತ್ತಿಲ್ಲ. ವ್ಯಾಕರಣಕ್ಕೆ ಸರಿಯಾಗಿಯೇ ಇತ್ತು. ಅಪ್ಪ ಯಾಕೆ ಎಂದು ಕೇಳಲಿಲ್ಲ. ಕೇಳಿದ್ದರೆ ಹೇಳುತ್ತಿದ್ದೆ. ಹೂಂ ಎಂದು ಕಿಟಕಿಯ ಆಚೆ ತಿರುಗಿದರು, ಅವರಿಗೆ ಸಮಾಧಾನವೇ ಆಯಿತು ಎಂದು ನಾನು ಈಗಲೂ ನಂಬಿದ್ದೇನೆ. ಅದಕ್ಕೆ ಅವರನ್ನು ದೂರುವುದಿಲ್ಲ. ಬೇಡ ಎನ್ನುವ ಬಾಯಿ ತಮ್ಮದಾಗಬಾರದು ಎಂದು ಯಾರಿಗಾದರೂ ಅನ್ನಿಸುತ್ತದೆ, ಆದರೆ ಬೇಡ ಎಂದ ನನ್ನ ಬಾಯಿಗೆ ಇನ್ನೂ ಹತ್ತು ವರ್ಷ ತುಂಬಿರಲಿಲ್ಲ. ಆ ಪ್ರಶ್ನೆಯನ್ನು ಅವರು ಮತ್ತೆಂದೂ ಕೇಳಲಿಲ್ಲ.

ಅಜ್ಜಿ ಹೊರಟರು. ಅಪ್ಪ ರೊಟ್ಟಿ ತಟ್ಟುವುದನ್ನು ಕಲಿತರು, ದಪ್ಪ ರೊಟ್ಟಿ, ಅಂಚು ಬೇಯುತ್ತಿರಲಿಲ್ಲ. ತಿಂಗಳಿಗೊಮ್ಮೆ ಅವರು ಒಬ್ಬರೇ ಕಳಸಕ್ಕೆ ಹೋಗಿಬರುತ್ತಿದ್ದರು. ನನಗೆ ಪರೀಕ್ಷೆ ಇರುತ್ತಿತ್ತು, ಇಲ್ಲದಿದ್ದರೆ ಹೊಟ್ಟೆನೋವು ಇರುತ್ತಿತ್ತು. ಎರಡು ವರ್ಷ ಬಿಟ್ಟು ನಾನು ಹೋದಾಗ ಅಮ್ಮ ಯಾರ ಜೊತೆಗೂ ಮಾತಾಡುತ್ತಿರಲಿಲ್ಲ, ಹಾಗಾಗಿ ನನ್ನ ಜೊತೆ ಮಾತಾಡದಿದ್ದದ್ದು ವಿಶೇಷವಾಗಿ ಕಾಣಲಿಲ್ಲ. ನೋವಾಯಿತೇ ಎಂದು ಕೇಳಿದರೆ ಇಲ್ಲ ಎಂದೇ ಹೇಳಬೇಕು. ಜೋಮು ಹಿಡಿದ ಕಾಲನ್ನು ಚಿವುಟಿದರೆ ಚಿವುಟಿದ್ದು ಕಾಣುತ್ತದೆ, ಅಷ್ಟೇ.

ಚಿಕ್ಕಮಗಳೂರಿನಲ್ಲಿ ಬಿ.ಎ. ಓದುವಾಗ ಕಾಲೇಜಿನ ಲೈಬ್ರರಿಯಲ್ಲಿ ಇಂಗ್ಲಿಷ್ ಶಬ್ದಗಳ ಹುಟ್ಟು ಹೇಳುವ ದಪ್ಪ ನಿಘಂಟು ಇತ್ತು. ಯಾರೂ ಮುಟ್ಟುತ್ತಿರಲಿಲ್ಲ. ನಾನು ಮೊದಲು ತೆರೆದದ್ದು ಬೆಟರ್ ಇರುವ ಪುಟವನ್ನೇ. ಗುಡ್‌ಗೂ ಬೆಟರಿಗೂ ರಕ್ತಸಂಬಂಧವೇ ಇಲ್ಲವಂತೆ. ಬೆಟರಿಗೆ ತನ್ನದೇ ಮೂಲದ ‘ಒಳ್ಳೆಯದು’ ಒಂದಿತ್ತು, ಅದು ಎಂದೋ ಬಳಕೆ ತಪ್ಪಿ ಕಳೆದುಹೋಯಿತು. ಖಾಲಿಯಾದ ಆ ಮೆಟ್ಟಿಲಿನ ಮೇಲೆ ಬೇರೆ ಮನೆತನದ ಗುಡ್ ಬಂದು ಕೂತಿತು. ಬೆಟರಿನ ಹತ್ತಿರದ ನೆಂಟನಾದ ಇನ್ನೊಂದು ಹಳೆಯ ಶಬ್ದಕ್ಕೆ ಮದ್ದು, ಪರಿಹಾರ ಎಂಬ ಅರ್ಥವಿತ್ತು, ಅದೂ ಈಗ ಮೂಲೆ ಸೇರಿದೆ. ಅಂದರೆ ಒಳ್ಳೆಯದೂ ಹೋಗಿ ಮದ್ದೂ ಹೋಗಿ ಹೋಲಿಕೆಯೊಂದೇ ಉಳಿದಿದೆ. ಓದಿ ಪುಸ್ತಕ ಮುಚ್ಚಿಟ್ಟೆ. ಮಧ್ಯಾಹ್ನ ಮೆಸ್ಸಿನಲ್ಲಿ ಊಟ ಮಾಡುವಾಗ ಇದನ್ನು ಅಮ್ಮನಿಗೆ ಹೇಳಬೇಕು ಎನ್ನಿಸಿತು. ಅಷ್ಟು ವರ್ಷಗಳಲ್ಲಿ ಅವಳಿಗೆ ಏನಾದರೂ ಹೇಳಬೇಕು ಎನ್ನಿಸಿದ್ದು ಅದೊಂದೇ ಸಲ, ಹೇಳಲಿಲ್ಲ.

ಅದೇ ವರ್ಷ ಅಮ್ಮ ತೀರಿಕೊಂಡಳು. ನ್ಯುಮೋನಿಯಾ ಎಂದರು. ಹನ್ನೊಂದನೆಯ ದಿನ ಕಳಸದ ಅಡುಗೆಮನೆಯಲ್ಲಿ ರತ್ನತ್ತೆ ವಡೆ ಕರಿಯುತ್ತಿದ್ದರು, ನಾನು ಬಾಳೆಲೆಯ ಮೇಲೆ ತಟ್ಟಿ ಕೊಡುತ್ತಿದ್ದೆ. ಅತ್ತೆ ಆಗಾಗ ಸೆರಗಿನಿಂದ ಕಣ್ಣು ಒರೆಸಿಕೊಳ್ಳುತ್ತಿದ್ದರು. ನನಗೆ ಅಳು ಬರದಿರುವುದನ್ನು ಅವರು ಗಮನಿಸಿದ್ದಾರೆ ಎನ್ನಿಸಿ, ಕಾರಣ ಕೊಡುವವಳ ಹಾಗೆ ಹೇಳಿದೆ.

“ಅಮ್ಮಂಗೆ ನನ್ ಗುರುತು ಯಾವಾಗ್ಲೋ ಹೋಗಿತ್ತಲ್ಲ ಅತ್ತೆ. ನಂಗೆ ಬನ್ನಿ, ಕೂತ್ಕೊಳ್ಳಿ ಅಂದಿದ್ಲು.”

“ಯಾವಾಗ?”

“ಮೊದ್ಲನೇ ಸಲ. ನಾನೂ ಅಪ್ಪನೂ ಬಂದಿದ್ವಲ್ಲ.”

ಅತ್ತೆ ಜಾಲರಿ ಹಿಡಿದ ಕೈಯನ್ನು ನಿಲ್ಲಿಸಿ ನನ್ನ ಕಡೆ ತಿರುಗಿದರು.

“ನಿಂಗೆಲ್ಲಿ ಅಂದ್ಲೇ ಮಾರಾಯ್ತಿ? ನಿನ್ ಹಿಂದೆ ಬಾಗ್ಲಲ್ಲಿ ನಿಮ್ಮಪ್ಪ ನಿಂತಿರ್ಲಿಲ್ವಾ? ಗಂಡನ್ನ ಬಾ ಅಂತ ಕರೀತಾಳಾ?”

ನಾನು ತಟ್ಟುತ್ತಿದ್ದ ವಡೆಯನ್ನು ಎಲೆಯ ಮೇಲೆ ಹಾಗೇ ಬಿಟ್ಟೆ.

“ನೀನು ಊಟದಲ್ಲಿ ಎದ್ದು ಆಚೆ ಹೋಗಿ ಕೂತಿದ್ದೇ ಅವ್ಳಿಗೆ ತಲೇಲಿತ್ತು. ಮಗಳು ಸಿಟ್ಟಾಗಿದಾಳೆ ಅತ್ತಿಗೆ, ನಾನು ಹೋಗ್ಬೇಕು ಅಂತ ಮಾರ್ನೇ ದಿನ ಸೀರೆ ಎಲ್ಲ ಮಡ್ಚಿ ಚೀಲಕ್ಕೆ ಹಾಕ್ಕೊಂಡು ಕೂತಿದ್ಲು. ಒಂದು ವಾರ ಹಾಗೇ ಕೂತಿದ್ಲು. ಕರ್ಕೊಂಡ್ ಹೋಗಕ್ಕೆ ನಿಮ್ಮಪ್ಪ ಬರ್ಲಿಲ್ಲ.”

ಎಣ್ಣೆಯಲ್ಲಿದ್ದ ವಡೆಗಳು ಕಪ್ಪಾಗುತ್ತಿದ್ದವು. ಅತ್ತೆ ಅವನ್ನು ತೆಗೆಯಲಿಲ್ಲ.

“ಹಾಗಾದ್ರೆ ನನ್ನನ್ನ ಕರೀಲೇ ಇಲ್ವಲ್ಲ ಅತ್ತೆ ಅವ್ಳು,” ಎಂದೆ.

“ಕರೆದ್ಲಲ್ಲೇ,” ಎಂದರು ಅತ್ತೆ. “ಪುಟ್ಟಿ, ಬಾರೇ ಇಲ್ಲಿ ಅಂತ ಕೈ ಚಾಚಿದ್ಲು. ನೀನು ಆಗ್ಲೇ ಹಿತ್ಲಿಗೆ ಓಡಿದ್ದೆ.”